ಬಂದು ಕರೆದುಕೊಂಡು ಹೋಗತಕ್ಕದ್ದು

ನಮ್ಮ ತಾತನ ಮನೆಯ ಪಡಸಾಲೆಯಲ್ಲಿ, ಗೋಡೆ ಗಡಿಯಾರದ ಕೆಳಗೆ, ಕಾಗದ ಪತ್ರಗಳನ್ನು ಸಿಕ್ಕಿಸುವ ಕಂಬಿಯೊಂದು ತೂಗುತ್ತಿತ್ತು. ಕಂದಾಯದ ರಸೀದಿ, ತಿಪಟೂರಿನ ಕೊಬ್ಬರಿ ಮಂಡಿಯ ಚೀಟಿ, ಮದುವೆಯ ಕರೆಯೋಲೆ, ನೆಂಟರ ಕ್ಷೇಮಸಮಾಚಾರ ಎಲ್ಲವೂ ಹೊಟ್ಟೆಗೆ ತೂತು ಮಾಡಿಸಿಕೊಂಡು ಒಂದರ ಮೇಲೊಂದು ಅಲ್ಲಿ ಕೂತಿರುತ್ತಿದ್ದವು. 1969ರ ಬೇಸಿಗೆಯಲ್ಲಿ, ನಾನು ನಾಲ್ಕನೇ ಕ್ಲಾಸು ಮುಗಿಸಿ ರಜಕ್ಕೆ ಹೋಗಿದ್ದಾಗ, ಬೆಂಗಳೂರಿನಿಂದ ಒಂದು ಕಾರ್ಡು ಬಂತು. ಅಜ್ಜಿಗೆ ಓದು ಬರುತ್ತಿರಲಿಲ್ಲ. ‘ಏನು ಬರೆದವ್ರೆ ನೋಡು ಮಗಾ’ ಎಂದು ನನ್ನ ಕೈಗೆ ಕೊಟ್ಟಳು. ನಾನು ಮೇಷ್ಟರ ಮುಂದೆ ಪಾಠ ಒಪ್ಪಿಸುವ ದನಿಯಲ್ಲಿ ಗಟ್ಟಿಯಾಗಿ ಓದಿದೆ: ‘ತಮ್ಮ ಮಗನವರು ಈಗ ಗುಣಮುಖರಾಗಿರುತ್ತಾರೆ. ತಾವು ಬಂದು ಕರೆದುಕೊಂಡು ಹೋಗತಕ್ಕದ್ದು.’

ಅಜ್ಜಿ ಇನ್ನೊಂದು ಸಲ ಓದಿಸಿದಳು. ಮೂರನೇ ಸಲ ಓದುವಷ್ಟರಲ್ಲಿ ತೋಟದಿಂದ ಬಂದ ತಾತ ಕಾರ್ಡನ್ನು ನನ್ನ ಕೈಯಿಂದ ತೆಗೆದುಕೊಂಡರು. ಕಂಬಿಯಿಂದ ಮೇಲಿನ ನಾಲ್ಕು ಕಾಗದ ಬಿಡಿಸಿ, ಕಾರ್ಡನ್ನು ಸಿಕ್ಕಿಸಿ, ಆ ನಾಲ್ಕನ್ನೂ ಮತ್ತೆ ಅದರ ಮೇಲೆ ಚುಚ್ಚಿದರು. ಮನೆಗೆ ಬಂದವರ ಕಣ್ಣಿಗೆ ಅದು ಬೀಳುವಂತಿರಲಿಲ್ಲ.

ಕಾರ್ಡು ಬಂದದ್ದು ನಮ್ಮ ಸೋದರಮಾವನ ವಿಷಯವಾಗಿ. ಊರಿನವರ ಮಟ್ಟಿಗೆ ಅವರು ಭದ್ರಾವತಿಯ ಕಬ್ಬಿಣದ ಕಾರ್ಖಾನೆಯಲ್ಲಿ ಕೆಲಸಕ್ಕಿದ್ದರು. ನಿಜವಾಗಿ ಇದ್ದದ್ದು ಬೆಂಗಳೂರಿನ ಹೊಸೂರು ರಸ್ತೆಯಲ್ಲಿ, ಜನ ಹುಚ್ಚಾಸ್ಪತ್ರೆ ಎಂದು ಕರೆಯುತ್ತಿದ್ದ ಜಾಗದಲ್ಲಿ. ರಾತ್ರಿಯೆಲ್ಲ ನಿದ್ದೆಯಿಲ್ಲದೆ ತಮ್ಮಷ್ಟಕ್ಕೇ ಮಾತಾಡಿಕೊಳ್ಳಲು ಶುರುಮಾಡಿದ ಇಪ್ಪತ್ತೆರಡರ ಹುಡುಗನಿಗೆ ಮೊದಲು ತಾಯತ ಕಟ್ಟಿಸಿದರು, ಬೇವಿನ ಸೊಪ್ಪಿನಲ್ಲಿ ಹೊಡೆಸಿದರು, ಎರಡು ಮೂರು ದೇವಸ್ಥಾನ ಸುತ್ತಿಸಿದರು. ಯಾವುದಕ್ಕೂ ಬಗ್ಗದಿದ್ದಾಗ ರೈಲು ಹತ್ತಿಸಿ ಅಲ್ಲಿಗೆ ಸೇರಿಸಿ ಬಂದಿದ್ದರು. ಗುಣವಾದ ಮೇಲೆ ಯಾಕೆ ಕರೆತರಲಿಲ್ಲ? ನಮ್ಮ ಚಿಕ್ಕಮ್ಮನಿಗೆ ಗಂಡು ನೋಡುತ್ತಿದ್ದರು. ‘ಮದುವೆಯೊಂದು ಮುಗೀಲಿ’ ಎಂದರು ತಾತ.

ಮೊನ್ನೆ ಸ್ನೇಹಿತರೊಬ್ಬರ ಜತೆ ಅದೇ ರಸ್ತೆಗೆ ಹೋಗಬೇಕಾಯಿತು. ಸಿಟಿ ಬಸ್ಸಿನಲ್ಲಿ ಕಂಡಕ್ಟರ್ ‘ನಿಮ್ಹಾನ್ಸ್, ನಿಮ್ಹಾನ್ಸ್, ಯಾರ್ರೀ ಇಳಿಯೋರು’ ಎಂದು ಕೂಗಿದ. ಎದ್ದು ನಿಂತ ನನ್ನ ಸ್ನೇಹಿತರು, ಯಾರೂ ಕೇಳದಿದ್ದರೂ, ಪಕ್ಕದಲ್ಲಿದ್ದ ಅಪರಿಚಿತರಿಗೆ ಹೇಳಿದರು: ‘ನಂದು ತಲೆನೋವು ಸ್ವಾಮಿ, ನರದ ವಿಭಾಗಕ್ಕೆ.’ ನನಗೆ ನಗು ಬಂತು. ಹಿಂದೆಯೇ ತಾತನ ಕಂಬಿಯೂ ನೆನಪಾಯಿತು. ಆ ಆಸ್ಪತ್ರೆ ನೂರ ಎಪ್ಪತ್ತೈದು ವರ್ಷಗಳಿಗೂ ಮೇಲ್ಪಟ್ಟು ಎಷ್ಟೋ ದೂರ ನಡೆದು ಬಂದಿದೆ. ಅದರ ಗೇಟಿನ ಹೊರಗಿರುವ ನಾವು ಎಷ್ಟು ನಡೆದಿದ್ದೇವೆ ಎಂಬ ಲೆಕ್ಕ ಹಾಕೋಣವೆಂದು ಈ ವಾರ ಕೂತಿದ್ದೇನೆ.

*

ಕಥೆ ಶುರುವಾಗುವುದು ಮೈಸೂರು ಸಂಸ್ಥಾನ ಬ್ರಿಟಿಷ್ ಕಮಿಷನರ ಕೈಯಲ್ಲಿದ್ದ ಕಾಲದಲ್ಲಿ. 1847ರಲ್ಲಿ ಚಾರ್ಲ್ಸ್ ಇರ್ವಿಂಗ್ ಸ್ಮಿತ್ ಎಂಬ ಸರ್ಜನ್ ಬೆಂಗಳೂರು ಪೇಟೆಯ ಬಳಿ ‘ಲೂನಾಟಿಕ್ ಅಸೈಲಂ’ ಆರಂಭಿಸಿದರು. ಅದಕ್ಕೆ ಎರಡು ವರ್ಷ ಮೊದಲು, ಆಗ ಮುಂಬಯಿ ಪ್ರಾಂತ್ಯದಲ್ಲಿದ್ದ ಧಾರವಾಡದಲ್ಲೂ ಇಂಥದೇ ಒಂದು ತಲೆಯೆತ್ತಿತ್ತು. ಅಸೈಲಂ ಎಂದರೆ ಆಶ್ರಯ. ಶಬ್ದವೇನೋ ಚೆನ್ನಾಗಿದೆ. ಆದರೆ ಆ ಕಾಲದ ವೈದ್ಯರ ಚೀಲದಲ್ಲಿ ಈ ಕಾಯಿಲೆಗೆಂದು ಕೊಡಬಹುದಾದ ಮದ್ದು ಹೆಚ್ಚೇನೂ ಇರಲಿಲ್ಲ. ಗೋಡೆ, ಅನ್ನ, ಕಾವಲು, ಮಾಡಲು ಒಂದಿಷ್ಟು ಕೆಲಸ. ಬಹುಪಾಲು ಚಿಕಿತ್ಸೆ ಇಷ್ಟೇ. ಬೀದಿಯಲ್ಲಿ ಅಲೆಯುತ್ತಿದ್ದವರನ್ನು ಪೊಲೀಸರು ತಂದು ಬಿಡುತ್ತಿದ್ದರು.

ಬುದ್ಧಿ ಕೆಟ್ಟದ್ದು ಯಾಕೆ ಎಂದು ರಿಜಿಸ್ಟರಿನಲ್ಲಿ ಏನಾದರೂ ಬರೆಯಲೇಬೇಕಲ್ಲ. ಅಂದಿನ ಅಸೈಲಂಗಳಲ್ಲಿ ಸುಲಭವಾಗಿ ಸಿಗುತ್ತಿದ್ದ ಉತ್ತರ ಗಾಂಜಾ. ದೇಶದಲ್ಲಿ ಹುಚ್ಚು ಹೆಚ್ಚುವುದೇ ಗಾಂಜಾದಿಂದ ಎಂಬ ಗುಲ್ಲು ಲಂಡನ್ನಿನವರೆಗೂ ಮುಟ್ಟಿ, 1893ರಲ್ಲಿ ಸರ್ಕಾರ ಒಂದು ಆಯೋಗವನ್ನೇ ನೇಮಿಸಿತು. ಆಯೋಗದವರು ಅಸೈಲಂಗಳ ಕಡತ ತೆಗೆದು ನೋಡಿದರೆ ಆ ಅಂಕಿ ಅಂಶಗಳು ನಂಬುವ ಹಾಗೇ ಇರಲಿಲ್ಲ. ಮನೆಯವರು ಹೇಳಿದ್ದನ್ನೋ, ಕರೆತಂದ ಪೊಲೀಸಿನವನು ಊಹಿಸಿದ್ದನ್ನೋ ಗುಮಾಸ್ತರು ಬರೆದುಕೊಂಡಿದ್ದರು. ಕಾಯಿಲೆಗೆ ಕಾರಣ ಗೊತ್ತಿಲ್ಲದಾಗ ಕಾಯಿಲೆಯವನ ಮೇಲೆ ಒಂದು ತಪ್ಪು ಹೊರಿಸುವ ಅಭ್ಯಾಸ ಅಂದಿನದು. ಇಂದಿಗೂ ಬಿಟ್ಟಿಲ್ಲ. ಆಗ ಗಾಂಜಾ ಎನ್ನುತ್ತಿದ್ದರು, ಈಗ ‘ಮನಸ್ಸು ಗಟ್ಟಿ ಇಲ್ಲ’ ಎನ್ನುತ್ತೇವೆ.

ಬದಲಾವಣೆ ಬಂದದ್ದು ಮೈಸೂರು ಮತ್ತೆ ಒಡೆಯರ ಆಡಳಿತಕ್ಕೆ ಬಂದ ಮೇಲೆ, ಅದೂ 1920ರ ನಂತರ. ಸಂಸ್ಥಾನದ ವೈದ್ಯರಾದ ಫ್ರಾಂಕ್ ನರೋನ್ಹ ಲಂಡನ್ನಿನ ಮಾಡ್ಸ್ಲಿ ಆಸ್ಪತ್ರೆಯಲ್ಲಿ ತರಬೇತಾಗಿ ಬಂದು ಇದರ ಸೂಪರಿಂಟೆಂಡೆಂಟರಾದರು. 1925ರಲ್ಲಿ ಅಸೈಲಂ ಎಂಬ ಹೆಸರು ಹೋಗಿ ‘ಮೆಂಟಲ್ ಹಾಸ್ಪಿಟಲ್’ ಆಯಿತು. ಹೆಸರು ಬದಲಾದರೆ ಏನಾಯಿತು ಎನ್ನಬೇಡಿ. ಆಸ್ಪತ್ರೆ ಎಂದ ಮೇಲೆ ಒಳಗಿರುವವನು ರೋಗಿ, ರೋಗಿ ಎಂದ ಮೇಲೆ ಒಂದು ದಿನ ವಾಸಿಯಾಗಿ ಮನೆಗೆ ಹೋಗತಕ್ಕವನು. ಆ ಒಂದು ಶಬ್ದದಲ್ಲಿ ಅಷ್ಟು ಇತ್ತು.

ಪೇಟೆಯ ಹಳೆಯ ಜಾಗ ಸಾಲದಾಯಿತು. ದಿವಾನ್ ಮಿರ್ಜಾ ಇಸ್ಮಾಯಿಲರ ಕಾಲದಲ್ಲಿ, 1930ರ ದಶಕದ ಕೊನೆಯ ಹೊತ್ತಿಗೆ, ಆಸ್ಪತ್ರೆ ಲಾಲ್‌ಬಾಗಿನ ಆಚೆ ಹೊಸೂರು ರಸ್ತೆಯ ವಿಶಾಲ ಬಯಲಿಗೆ ಬಂತು. ಮರಗಳ ನಡುವೆ ಬಿಡಿ ಬಿಡಿಯಾದ ವಾರ್ಡುಗಳು, ಗಾಳಿ, ಬೆಳಕು, ಓಡಾಡಲು ಜಾಗ. ಆ ಸಮಯದಲ್ಲಿ ಮಾಡ್ಸ್ಲಿಯ ಹಿರಿಯ ವೈದ್ಯ ಎಡ್ವರ್ಡ್ ಮ್ಯಾಪೊಥರ್ ಸಿಲೋನ್ ಸರ್ಕಾರದ ಕರೆಯ ಮೇಲೆ ಈ ಕಡೆ ಬಂದಿದ್ದರು. ಭಾರತದ ಹಲವು ಆಸ್ಪತ್ರೆಗಳನ್ನು ನೋಡಿ ಬೇಸರಪಟ್ಟ ಅವರು ಬೆಂಗಳೂರಿನದನ್ನು ಮೆಚ್ಚಿಕೊಂಡರು.

ನರೋನ್ಹ ಅವರ ನಂತರ ಬಂದ ಡಾ. ಎಂ.ವಿ. ಗೋವಿಂದಸ್ವಾಮಿ ಲಂಡನ್ನಿನಲ್ಲೂ ಅಮೆರಿಕದ ಜಾನ್ಸ್ ಹಾಪ್ಕಿನ್ಸ್‌ನಲ್ಲೂ ಕಲಿತವರು. ಜಗತ್ತಿನಲ್ಲಿ ಯಾವ ಹೊಸ ಚಿಕಿತ್ಸೆ ಬಂದರೂ ಅದು ಬೇಗನೆ ಬೆಂಗಳೂರಿಗೂ ಬರುತ್ತಿತ್ತು. ಬಂದದ್ದೆಲ್ಲ ಒಳ್ಳೆಯದೇ ಆಗಿರಲಿಲ್ಲ ಎಂಬುದನ್ನೂ ಹೇಳಬೇಕು. ಮಿದುಳಿನ ಮುಂಭಾಗದ ನರತಂತುಗಳನ್ನು ಕತ್ತರಿಸುವ ಶಸ್ತ್ರಚಿಕಿತ್ಸೆ 1940ರ ದಶಕದಲ್ಲಿ ಇಲ್ಲಿಯೂ ನಡೆಯಿತು. ಅದನ್ನು ಆರಂಭಿಸಿದ ಪೋರ್ಚುಗಲ್ಲಿನ ಎಗಾಸ್ ಮೊನಿಝ್‌ಗೆ 1949ರಲ್ಲಿ ನೊಬೆಲ್ ಬಹುಮಾನವನ್ನೇ ಕೊಟ್ಟರು. ಮುಂದೆ ವೈದ್ಯಲೋಕವೇ ನಾಚಿ ಅದನ್ನು ಕೈಬಿಟ್ಟಿತು. ಬೇರೆ ದಾರಿ ಕಾಣದಿದ್ದಾಗ ಮನುಷ್ಯರು ಹಿಡಿಯುವ ದಾರಿಗಳಲ್ಲಿ ಅದೂ ಒಂದು.

ಬೇರೆ ದಾರಿ ಕಂಡದ್ದು ಮಾತ್ರೆಯಿಂದ. ನಮ್ಮ ಹಳ್ಳಿಯ ಪಂಡಿತರಿಗೆ ಗೊತ್ತಿದ್ದ ಸರ್ಪಗಂಧದ ಬೇರು ಉನ್ಮಾದವನ್ನು ತಗ್ಗಿಸುತ್ತದೆಂದು ಕಲ್ಕತ್ತೆಯ ಗಣನಾಥ್ ಸೇನ್ ಮತ್ತು ಕಾರ್ತಿಕ್ ಚಂದ್ರ ಬೋಸ್ 1931ರಲ್ಲೇ ಬರೆದಿದ್ದರು. 1952ರಲ್ಲಿ ಫ್ರಾನ್ಸಿನಲ್ಲಿ ಕ್ಲೋರ್‌ಪ್ರೊಮಝಿನ್ ಬಳಕೆಗೆ ಬಂತು. ವರ್ಷಗಟ್ಟಲೆ ಒಳಗಿರುತ್ತಿದ್ದವರು ಈಗ ಕೆಲವು ತಿಂಗಳಲ್ಲಿ ಶಾಂತರಾಗಿ ಮನೆಯ ನೆನಪು ತೆಗೆಯಲು ಶುರುಮಾಡಿದರು. ಆಸ್ಪತ್ರೆಯ ಬಾಗಿಲು ಒಳಗಿನಿಂದ ತೆರೆಯಿತು. ನನ್ನ ತಾತನ ಮನೆಗೆ ಕಾರ್ಡು ಬಂದದ್ದು ಹೀಗೆ ತೆರೆದ ಬಾಗಿಲಿನಿಂದ.

*

ಸ್ವಾತಂತ್ರ್ಯದ ಹಿಂದಿನ ವರ್ಷ, 1946ರಲ್ಲಿ, ಭೋರ್ ಸಮಿತಿ ದೇಶದ ಆರೋಗ್ಯದ ಲೆಕ್ಕ ಒಪ್ಪಿಸಿತು. ಇಂಗ್ಲೆಂಡಿನಲ್ಲಿ ಸುಮಾರು 300 ಜನರಿಗೆ ಮಾನಸಿಕ ರೋಗಿಗಳ ಒಂದು ಹಾಸಿಗೆ ಇದ್ದರೆ, ನಮ್ಮಲ್ಲಿ ಸುಮಾರು 40,000 ಜನರಿಗೆ ಒಂದು. ಹಾಸಿಗೆಗಿಂತ ಮೊದಲು ವೈದ್ಯರು ಬೇಕು, ಅವರನ್ನು ತಯಾರು ಮಾಡುವ ಸಂಸ್ಥೆ ಬೇಕು ಎಂಬ ಸಲಹೆಯಂತೆ 1954ರಲ್ಲಿ ಬೆಂಗಳೂರಿನಲ್ಲಿ ಅಖಿಲ ಭಾರತ ಮಾನಸಿಕ ಆರೋಗ್ಯ ಸಂಸ್ಥೆ ಹುಟ್ಟಿತು. ಗೋವಿಂದಸ್ವಾಮಿಯವರೇ ಮೊದಲ ನಿರ್ದೇಶಕರು. ಒಂದೇ ಆವರಣದಲ್ಲಿ ಕೇಂದ್ರದ ಸಂಸ್ಥೆ, ರಾಜ್ಯದ ಆಸ್ಪತ್ರೆ. ಎರಡೂ 1974ರ ಡಿಸೆಂಬರ್ 27ರಂದು ಕೂಡಿಕೊಂಡು ರಾಷ್ಟ್ರೀಯ ಮಾನಸಿಕ ಆರೋಗ್ಯ ಮತ್ತು ನರವಿಜ್ಞಾನ ಸಂಸ್ಥೆ, ಅಂದರೆ ನಿಮ್ಹಾನ್ಸ್ ಆಯಿತು. 1994ರಲ್ಲಿ ಡೀಮ್ಡ್ ವಿಶ್ವವಿದ್ಯಾಲಯ, 2012ರ ಕಾಯ್ದೆಯಿಂದ ರಾಷ್ಟ್ರೀಯ ಮಹತ್ವದ ಸಂಸ್ಥೆ. ಹೀಗೆ ಹೆಸರು, ಮರ್ಯಾದೆ ಎರಡೂ ಬೆಳೆಯುತ್ತ ಹೋದವು.

ಆದರೆ ನನಗೆ ಇವೆಲ್ಲಕ್ಕಿಂತ ದೊಡ್ಡದಾಗಿ ಕಾಣುವುದು ಒಂದು ಚಾಪೆ. ರೋಗಿಯ ಮಂಚದ ಪಕ್ಕ ಅವನ ತಾಯಿಯೋ ಹೆಂಡತಿಯೋ ಹಾಸಿಕೊಂಡ ಚಾಪೆ. ಅಮೃತಸರದ ಮಾನಸಿಕ ಆಸ್ಪತ್ರೆಯಲ್ಲಿ 1950ರ ದಶಕದಲ್ಲಿ ಡಾ. ವಿದ್ಯಾಸಾಗರ್ ಎಂಬುವರು ಆವರಣದಲ್ಲಿ ಡೇರೆ ಹಾಕಿಸಿ, ರೋಗಿಗಳ ಜತೆ ಮನೆಯವರನ್ನೂ ಇರಿಸಿಕೊಂಡರು. ಬೇಗ ಗುಣವಾಗುತ್ತಾರೆ, ಗುಣವಾದವರು ಮನೆಗೆ ಹೋಗುತ್ತಾರೆ, ಜತೆಗಿದ್ದವರು ಊರಿಗೆ ಹೋಗಿ ‘ಇದು ದೆವ್ವವಲ್ಲ, ಕಾಯಿಲೆ’ ಎಂದು ಹೇಳುತ್ತಾರೆ ಎಂಬುದು ಅಲ್ಲಿ ಕಂಡಿತು. ವೆಲ್ಲೂರಿನವರು ಆ ದಾರಿ ಹಿಡಿದರು, ಬೆಂಗಳೂರಿನವರೂ ಹಿಡಿದರು. ಪಾಶ್ಚಾತ್ಯರ ಆಸ್ಪತ್ರೆ ನೆಂಟರನ್ನು ಸಂಜೆ ಗಂಟೆ ಹೊಡೆದು ಹೊರಗೆ ಕಳಿಸುತ್ತಿದ್ದ ಕಾಲದಲ್ಲಿ ನಮ್ಮವರು ‘ನೀವೂ ಒಳಗೆ ಬನ್ನಿ’ ಎಂದರು. ಇದು ಯಾವ ಪುಸ್ತಕದಿಂದಲೂ ತಂದದ್ದಲ್ಲ, ನಮ್ಮ ಮನೆಗಳನ್ನು ನೋಡಿ ಕಲಿತದ್ದು. ನಿಮ್ಹಾನ್ಸ್‌ನಲ್ಲಿ 2009ರಿಂದ ಬಾಣಂತಿಯರಿಗಾಗಿ ತಾಯಿ, ಮಗು ಒಟ್ಟಿಗಿರುವ ವಾರ್ಡೂ ಇದೆ. ಹೆರಿಗೆಯ ನಂತರ ಬುದ್ಧಿ ಕಲಕಿದ ಹೆಣ್ಣುಮಗಳನ್ನು ‘ಸೋಕು’ ಎಂದು ಕತ್ತಲೆ ಕೋಣೆಗೆ ತಳ್ಳಿ ಕೂಸನ್ನು ಬೇರೆ ಮಾಡುತ್ತಿದ್ದ ನಮ್ಮ ಹಟ್ಟಿಗಳನ್ನು ನೆನೆಸಿಕೊಂಡರೆ ಅದರ ಬೆಲೆ ತಿಳಿದೀತು.

ಎರಡನೆಯ ದೊಡ್ಡ ಕೆಲಸ ಆಸ್ಪತ್ರೆಯೇ ಹಳ್ಳಿಗೆ ಹೋದದ್ದು. 1970ರ ದಶಕದ ಮಧ್ಯದಲ್ಲಿ ನಿಮ್ಹಾನ್ಸ್ ವೈದ್ಯರು ಬೆಂಗಳೂರಿನ ಹೊರವಲಯದ ಸಕಲವಾರದಲ್ಲಿ ಒಂದು ಕೇಂದ್ರ ತೆರೆದರು. ಪ್ರಾಥಮಿಕ ಆರೋಗ್ಯ ಕೇಂದ್ರದ ಸಾಮಾನ್ಯ ಡಾಕ್ಟರಿಗೂ ಆರೋಗ್ಯ ಸಹಾಯಕಿಗೂ ಸ್ವಲ್ಪ ತರಬೇತಿ, ನಾಲ್ಕಾರು ಮಾತ್ರೆ ಕೊಟ್ಟರೆ ಎಷ್ಟೋ ಜನರನ್ನು ಊರಲ್ಲೇ ವಾಸಿ ಮಾಡಬಹುದೆಂದು ತಿಳಿಯಿತು. 1985ರಿಂದ ಬಳ್ಳಾರಿ ಜಿಲ್ಲೆಯಲ್ಲಿ ಅದನ್ನೇ ಇಡೀ ಜಿಲ್ಲೆಗೆ ಹಬ್ಬಿಸಿ ನೋಡಿದರು. ದೇಶದಲ್ಲಿ 1996ರಲ್ಲಿ ಆರಂಭವಾದ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮಕ್ಕೆ ನಮ್ಮ ಬಳ್ಳಾರಿಯೇ ಮಾದರಿ.

ಮೂರನೆಯದು ಕನ್ನಡದ ಕೆಲಸ. ‘ಕೊರವಂಜಿ’ಯ ಡಾ. ಎಂ. ಶಿವರಾಂ ಮನೋವೈದ್ಯದ ಬಗ್ಗೆ ಕನ್ನಡದಲ್ಲಿ ಬರೆದ ‘ಮನಮಂಥನ’ಕ್ಕೆ 1976ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಬಹುಮಾನ ಬಂತು. ನಿಮ್ಹಾನ್ಸ್‌ನಲ್ಲೇ ಪ್ರಾಧ್ಯಾಪಕರಾಗಿದ್ದ ಡಾ. ಸಿ.ಆರ್. ಚಂದ್ರಶೇಖರ್ ಪತ್ರಿಕೆಗಳಲ್ಲಿ, ಪುಟ್ಟ ಪುಟ್ಟ ಪುಸ್ತಕಗಳಲ್ಲಿ, ದಶಕಗಟ್ಟಲೆ ನಮ್ಮ ಭಯಗಳಿಗೆ ಸಮಾಧಾನ ಹೇಳಿದರು. ಖಿನ್ನತೆ ಎಂಬ ಶಬ್ದ ಇಂದು ಹಳ್ಳಿಯ ಬಸ್ ಸ್ಟ್ಯಾಂಡಿನಲ್ಲೂ ಕೇಳುತ್ತಿದೆಯೆಂದರೆ ಅದರಲ್ಲಿ ಇಂಥವರ ಪಾಲಿದೆ.

*

ಹಾಗಾದರೆ ಎಲ್ಲವೂ ಸರಿಯಾಯಿತೇ? ಒಮ್ಮೆ ಆ ಹೊರರೋಗಿ ವಿಭಾಗದಲ್ಲಿ ಹೋಗಿ ಕುಳಿತು ನೋಡಬೇಕು. ರಾಯಚೂರಿನ ಮುದುಕ, ಅನಂತಪುರದ ತಾಯಿ, ಬಂಗಾಳದಿಂದ ಎರಡು ರಾತ್ರಿ ರೈಲಿನಲ್ಲಿ ಬಂದ ದಂಪತಿ. ಕಂಕುಳಲ್ಲಿ ಕಡತ, ಕೈಯಲ್ಲಿ ಬುತ್ತಿ. ನಿಮ್ಹಾನ್ಸ್ 2015-16ರಲ್ಲಿ 12 ರಾಜ್ಯಗಳಲ್ಲಿ ನಡೆಸಿದ ರಾಷ್ಟ್ರೀಯ ಸಮೀಕ್ಷೆಯ ಪ್ರಕಾರ ವಯಸ್ಕರಲ್ಲಿ ನೂರಕ್ಕೆ ಹತ್ತಕ್ಕಿಂತ ಹೆಚ್ಚು ಮಂದಿಗೆ ಒಂದಲ್ಲ ಒಂದು ಮಾನಸಿಕ ತೊಂದರೆಯಿದೆ. ಅವರಲ್ಲಿ ಬಹುಪಾಲು ಜನರಿಗೆ ಚಿಕಿತ್ಸೆಯೇ ಸಿಕ್ಕಿಲ್ಲ. ಸಿಕ್ಕದವರ ಪ್ರಮಾಣ ಕಾಯಿಲೆಗೆ ತಕ್ಕಂತೆ ನೂರಕ್ಕೆ 70ರಿಂದ 90ರ ಆಸುಪಾಸು. ಊರಲ್ಲಿ ಸಿಗದದ್ದನ್ನು ಹುಡುಕಿಕೊಂಡು ದೇಶವೆಲ್ಲ ಒಂದು ಗೇಟಿಗೆ ಬಂದರೆ ಆ ಗೇಟು ತಾನೇ ಏನು ಮಾಡೀತು? ಈಗ ರಾಜ್ಯದ ‘ಮನೋಚೈತನ್ಯ’ ಕಾರ್ಯಕ್ರಮದಲ್ಲಿ ತಾಲ್ಲೂಕು ಆಸ್ಪತ್ರೆಗಳಿಗೆ ಮಂಗಳವಾರ ಮನೋವೈದ್ಯರು ಹೋಗುವ ಏರ್ಪಾಡಿದೆ. 2022ರಲ್ಲಿ ಆರಂಭವಾದ ‘ಟೆಲಿ ಮಾನಸ್’ನ 14416 ಸಂಖ್ಯೆಗೆ ಫೋನು ಮಾಡಿದರೆ ಕನ್ನಡದಲ್ಲೇ ಮಾತಾಡುತ್ತಾರೆ, ದುಡ್ಡಿಲ್ಲ. ಓದುಗರು ಈ ಸಂಖ್ಯೆಯನ್ನು ಎಲ್ಲಾದರೂ ಬರೆದಿಟ್ಟುಕೊಳ್ಳಿ.

ಕಾನೂನೂ ಬದಲಾಗಿದೆ. ಮನೋರೋಗಿಯನ್ನು ಮ್ಯಾಜಿಸ್ಟ್ರೇಟರ ಹುಕುಮಿನಿಂದ ಕೂಡಿಹಾಕಬಹುದಾಗಿದ್ದ 1912ರ ಕಾಯ್ದೆ ನಮ್ಮಲ್ಲಿ 1993ರವರೆಗೂ ನಡೆಯಿತೆಂದರೆ ನಂಬುತ್ತೀರಾ? ಆಮೇಲೆ 1987ರ ಕಾಯ್ದೆ ಜಾರಿಗೆ ಬಂತು. ರಾಷ್ಟ್ರೀಯ ಮಾನವ ಹಕ್ಕುಗಳ ಆಯೋಗ ನಿಮ್ಹಾನ್ಸ್ ವೈದ್ಯರ ನೆರವಿನಿಂದ ದೇಶದ ಮಾನಸಿಕ ಆಸ್ಪತ್ರೆಗಳನ್ನು ಪರೀಕ್ಷಿಸಿ 1999ರಲ್ಲಿ ಕೊಟ್ಟ ವರದಿ, ಹಲವು ಕಡೆ ಕಟ್ಟಡ ಇನ್ನೂ ಜೈಲಿನ ಹಾಗೇ ಇದೆ ಎಂದಿತು. 2001ರ ಆಗಸ್ಟ್ 6ರಂದು ತಮಿಳುನಾಡಿನ ಏರ್ವಾಡಿಯಲ್ಲಿ ದರ್ಗಾದ ಬಳಿ ನಡೆಯುತ್ತಿದ್ದ ಖಾಸಗಿ ಆಶ್ರಯವೊಂದಕ್ಕೆ ಬೆಂಕಿ ಬಿದ್ದಾಗ, ಸರಪಣಿಯಲ್ಲಿ ಕಟ್ಟಿಹಾಕಿದ್ದ ರೋಗಿಗಳು ಓಡಲಾರದೆ 28 ಮಂದಿ ಸತ್ತರು. 2018ರ ಮೇ ತಿಂಗಳಲ್ಲಿ ಜಾರಿಗೆ ಬಂದ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆ ಸರಪಣಿಯನ್ನು ಸ್ಪಷ್ಟವಾಗಿ ನಿಷೇಧಿಸಿತು. ಇನ್ನೊಂದು ಮಾತನ್ನೂ ಹೇಳಿತು: ಮನೆಯಿಲ್ಲ ಎಂದೋ, ಮನೆಯವರು ಒಪ್ಪುವುದಿಲ್ಲ ಎಂದೋ ಯಾರನ್ನೂ ಆಸ್ಪತ್ರೆಯಲ್ಲೇ ಇರಿಸಕೂಡದು.

ಕಾನೂನು ಇಂಥ ಮಾತನ್ನು ಸುಮ್ಮನೆ ಹೇಳುವುದಿಲ್ಲ. 2019ರಲ್ಲಿ ಹೊರಬಂದ ರಾಷ್ಟ್ರಮಟ್ಟದ ವರದಿಯೊಂದು ದೇಶದ 43 ಸರ್ಕಾರಿ ಮಾನಸಿಕ ಆಸ್ಪತ್ರೆಗಳನ್ನು ನೋಡಿ, ಅಲ್ಲಿ ಇದ್ದವರಲ್ಲಿ ನೂರಕ್ಕೆ 36 ಮಂದಿ ಒಂದು ವರ್ಷ ಅಥವಾ ಅದಕ್ಕೂ ಹೆಚ್ಚು ಕಾಲದಿಂದ ಒಳಗೇ ಇದ್ದಾರೆ ಎಂದಿತು. ನಿಮ್ಹಾನ್ಸ್‌ನಲ್ಲಿ ಮನೆಯವರೂ ಜತೆಗಿರುವುದರಿಂದ ಹೆಚ್ಚಿನವರು ಕೆಲವೇ ವಾರಗಳಲ್ಲಿ ಮನೆ ಸೇರುತ್ತಾರೆ. ಬೇರೆ ಕಡೆ ಹಾಗಲ್ಲ. ಮಾತ್ರೆ ಬಂದಾಯಿತು, ಕಾನೂನು ಬಂದಾಯಿತು, ಗೇಟು ತೆರೆದಾಯಿತು. ಆದರೂ ಜನ ಒಳಗಿದ್ದಾರೆ ಎಂದರೆ ಬೀಗ ಇರುವುದು ಆಸ್ಪತ್ರೆಯ ಬಾಗಿಲಿಗಲ್ಲ, ನಮ್ಮ ಮನೆಯ ಬಾಗಿಲಿಗೆ.

*

ನಮ್ಮ ತಾತನ ಮನೆಗೆ ಎರಡನೇ ಕಾರ್ಡು ಬಂತು. ಮೂರನೆಯದೂ ಬಂತು. ಅಷ್ಟರಲ್ಲಿ ಚಿಕ್ಕಮ್ಮನ ಮದುವೆ ಮುಗಿದಿತ್ತು. ಮಾವ ಇಲ್ಲದೆಯೇ ಮುಗಿದಿತ್ತು. ಆಮೇಲೂ ತಾತ ಏಳಲಿಲ್ಲ. ಕೊನೆಗೆ ಅಜ್ಜಿಯೇ ಹಟಹಿಡಿದು ನನ್ನ ಅಮ್ಮನನ್ನು ಕಳಿಸಿದಳು. ಅಮ್ಮನ ಜತೆಗೆ ನಾನು.

ಮಾವ ಒಂದು ಮರದ ಕೆಳಗೆ ಕೂತಿದ್ದರು. ತಲೆ ಬಾಚಿತ್ತು, ಪಂಚೆ ಶುಭ್ರವಾಗಿತ್ತು. ಅಮ್ಮನನ್ನು ನೋಡಿ ಎದ್ದು ನಿಂತು ಕೇಳಿದ ಮೊದಲ ಮಾತು: ‘ಅಕ್ಕಯ್ಯ, ಮನೇಲಿ ಎಲ್ಲಾರೂ ಒಪ್ಪವ್ರಾ?’ ಅಮ್ಮ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ಕಳಿಸಿಕೊಡುವಾಗ ಡಾಕ್ಟರು ಹೇಳಿದರು: ‘ಮಾತ್ರೆ ನಿಲ್ಲಿಸಬೇಡೀಮ್ಮ. ಮೂಲೇಲೂ ಕೂರಿಸಬೇಡಿ.’

ಮೊದಲನೆಯದನ್ನು ಮಾವ ತಾವೇ ಪಾಲಿಸಿದರು. ಎರಡನೆಯದನ್ನು ನಾವು ಪಾಲಿಸಲಿಲ್ಲ. ಮೂವತ್ತನಾಲ್ಕು ವರ್ಷ ಬದುಕಿದರು. ತೋಟದ ಲೆಕ್ಕ ಬರೆದರು, ಕಾಯಿ ಕೀಳಿಸಿದರು, ನನಗೆ ಬಡ್ಡಿ ಲೆಕ್ಕ ಕಲಿಸಿದರು. ಒಂದು ದಿನವೂ ಯಾರಿಗೂ ನೋವು ಮಾಡಲಿಲ್ಲ. ಆದರೆ ನೆಂಟರು ಬಂದರೆ ಯಾರೂ ಹೇಳದೆಯೇ ಹಿತ್ತಿಲಿಗೆ ಹೊರಟುಹೋಗುತ್ತಿದ್ದರು. ಅವರಿಗೆ ಮದುವೆಯ ಮಾತನ್ನು ಯಾರೂ ಎತ್ತಲಿಲ್ಲ. ಎಷ್ಟೋ ವರ್ಷದ ಮೇಲೆ ಚಿಕ್ಕಪ್ಪನಿಗೆ ವಿಷಯ ಗೊತ್ತಾದಾಗ ಅವರು ಹೇಳಿದ್ದಿಷ್ಟು: ‘ಇದಕ್ಕಾ ಮುಚ್ಚಿಟ್ಟಿದ್ದು? ನಮ್ಮಣ್ಣಂಗೂ ಹಿಂಗೇ ಆಗಿತ್ತಲ್ಲ. ನಾವೂ ಹೇಳಿರಲಿಲ್ಲ.’

2004ರಲ್ಲಿ ಮಾವ ತೀರಿಕೊಂಡ ಮೇಲೆ ಅವರ ಟ್ರಂಕು ತೆಗೆದೆವು. ಎರಡು ಪಂಚೆ, ಆಸ್ಪತ್ರೆಯ ಚೀಟಿ, ಒಂದು ರಬ್ಬರ್ ಬ್ಯಾಂಡಿನಲ್ಲಿ ಸುತ್ತಿದ ಮೂರು ಪೋಸ್ಟ್ ಕಾರ್ಡು. ಮೂರಕ್ಕೂ ನಡುವೆ ಕಂಬಿಯ ತೂತು. ಯಾವಾಗ ಅಲ್ಲಿಂದ ಬಿಡಿಸಿಕೊಂಡಿದ್ದರೋ ಯಾರಿಗೂ ಗೊತ್ತಾಗಿರಲಿಲ್ಲ. ಅವರು ಒಂದು ದಿನವೂ ನಮ್ಮನ್ನು ಆ ಬಗ್ಗೆ ಕೇಳಿರಲಿಲ್ಲ.

ಈಗ ಕಾರ್ಡಿನ ಕಾಲ ಹೋಯಿತು, ಆಸ್ಪತ್ರೆಯಿಂದ ಫೋನು ಬರುತ್ತದೆ. ಈ ಪುಟ ಓದುವ ಸಾವಿರಾರು ಮನೆಗಳಲ್ಲಿ ಅಂಥ ಫೋನು ಬಂದ ಮನೆಯೂ ಒಂದಿದ್ದೀತು. ಆ ಮನೆಯವರಿಗೆ ನಾನು ಹೇಳುವುದು ಇಷ್ಟೇ. ಯಾರದೋ ಮದುವೆ ಮುಗಿಯಲಿ, ಮಕ್ಕಳ ಪರೀಕ್ಷೆ ಮುಗಿಯಲಿ, ಹೊಸ ಮನೆ ಆಗಲಿ ಎಂದು ಕಾಯಬೇಡಿ. ಹೋಗಿ, ಕರೆದುಕೊಂಡು ಬನ್ನಿ. ನೆಂಟರು ಬಂದ ದಿನ ಪಡಸಾಲೆಯಲ್ಲಿ ಎಲ್ಲರ ಪಂಕ್ತಿಯಲ್ಲೇ ಎಲೆ ಹಾಕಿ.